ಟಿವಿಯೊಳಗಿನ ಮದುಮಗಳಿಗೆ ಉಡಿ

ಎಂಬತ್ತರ ದಶಕದಲ್ಲಿ ಇಳಕಲ್ಲಿನ ನಮ್ಮ ಓಣಿಗೆ ಬಂದ ಮೊದಲ ಟಿವಿ ನಮ್ಮದೇ. ಮಗ್ಗದ ಪಕ್ಕ ಟ್ರಂಕಿನ ಮೇಲೆ ಕೂತಿತ್ತು. ವಾರಕ್ಕೊಮ್ಮೆ ಸಂಜೆ ಒಂದು ಹಿಂದಿ ಧಾರಾವಾಹಿ. ನಾಯಕನಿಲ್ಲ, ನಾಯಕಿಯಿಲ್ಲ, ಒಂದು ಗಲ್ಲಿ, ವಾರಕ್ಕೊಂದು ಮನೆ. ಈ ವಾರ ಗೋಳೋ ಎಂದು ಅತ್ತವನು ಮುಂದಿನ ವಾರ ಬೇರೆಯವರ ಕಥೆಯಲ್ಲಿ ಬದನೆಕಾಯಿ ಕೊಳ್ಳುತ್ತ ಹಾದುಹೋಗುತ್ತಿದ್ದ. ಹೊಸ ಪ್ರಯೋಗವಂತೆ!

ಹಿಂದಿ ಬರುತ್ತಿದ್ದುದು ನನಗೊಬ್ಬಳಿಗೇ. ಓಣಿಯ ಹೆಂಗಸರು ನನ್ನ ಜೀವ ತಿನ್ನುತ್ತಿದ್ದರು.

"ಇಂವ ಆಕಿಗೆ ಏನಾಗಬೇಕು?"

"ಏನೂ ಆಗಂಗಿಲ್ರಿ. ಬಾಜೂ ಮನಿಯಾಂವ."

"ಏನೂ ಆಗದಾಂವ ಆಕಿ ಮನಿ ಯಾಕ ಹೊಕ್ಕಾನ?"

ರೋಸಿಹೋಗಿ ಎಲ್ಲರನ್ನೂ ಸೋದರಮಾವ ಮಾಡಿಬಿಟ್ಟೆ.

ಎದುರು ಮನೆಯ ಚಿಕ್ಕವ್ವ ನಮ್ಮವ್ವನ ಖಾಸಾ ತಂಗಿ. ನಮ್ಮಕ್ಕನ ಮದುವೆಯಲ್ಲಿ ಉಡಿ ತುಂಬಲು ತನ್ನನ್ನು ಬಾಯಿತುಂಬ ಕರೆಯಲಿಲ್ಲವೆಂದು ಮಾತು ಬಿಟ್ಟಿದ್ದಳು. "ಒಡಹುಟ್ಟಿದಾಕಿನ್ನ ಏನ ಕರಿಯೂದು?" ಎಂದು ಅವ್ವ. "ಕರೀದ ಬರಾಕ ನಾ ಏನ ಬೆಕ್ಕೇನು?" ಎಂದು ಚಿಕ್ಕವ್ವ. ಟಿವಿಗೆ ಮಾತ್ರ ಬಂದು ಹೊಸ್ತಿಲ ಬಳಿ ಮುಖ ಊದಿಸಿಕೊಂಡು ಕೂಡುತ್ತಿದ್ದಳು. ಅವ್ವನಿಗೆ ತಂಗಿ ಬೇಕಾಗಿದ್ದಳು, ಒಳಗೊಳಗೇ ಸಂಕಟಪಡುತ್ತಿದ್ದಳು. ಆದರೆ ತಾನೇ ಮೊದಲು ಮಾತಾಡುವುದೇ? ಸತ್ತರೂ ಇಲ್ಲ.

ಒಂದು ವಾರ ಆ ಗಲ್ಲಿಯ ತಾಯಿಯಿಲ್ಲದ ಹುಡುಗಿಯ ಮದುವೆ. ಬರಿಗೈಯಲ್ಲಿ ಗಂಡನ ಮನೆಗೆ ಹೊರಟಳು. ನಮ್ಮವರು ಕಂಗಾಲು.

"ಯವ್ವಾ, ಖಾಲಿ ಉಡೀಲೆ ಕಳಸಾಕತ್ತಾರಲ್ಲ! ಎಂಥಾ ಮಂದಿ ಇವರು!"

ಅವ್ವ ಒಳಗೆ ಓಡಿ, ಮೊರದಲ್ಲಿ ಅಕ್ಕಿ, ಕೊಬ್ಬರಿ, ಗುಳೇದಗುಡ್ಡದ ಖಣ ತಂದು ಟಿವಿಯ ಮುಂದಿಟ್ಟಳು. ನಗು ತಡೆಯಲಾರದೆ ನಾನು ಬಾಯಲ್ಲಿ ದುಪಟ್ಟಾ ತುರುಕಿಕೊಂಡೆ. ಉಡಿ ತುಂಬಲು ಐವರು ಮುತ್ತೈದೆಯರು ಬೇಕು. ಅವ್ವ, ಓಣಿಯ ಮೂವರು. ಮದುವೆಯಾಗದ ನಾನು ಲೆಕ್ಕಕ್ಕಿಲ್ಲ. ಐದನೆಯವಳು ಹೊಸ್ತಿಲಲ್ಲಿ ಕೂತು ಜಂತಿ ನೋಡುತ್ತಿದ್ದಳು.

ಹುಡುಗಿ ಗಾಡಿಯಲ್ಲಿ ಕಾಲಿಟ್ಟಳು. ಅವ್ವ ತಡೆಯಲಾರದೆ ಕೂಗಿದಳು:

"ಏ, ಬಾರ ಲಗೂನ! ಹುಡುಗಿ ಹೊಂಟ್ಳು!"

"ಯಾರ್ನ ಕರದಿ?" ಎಂದಳು ಚಿಕ್ಕವ್ವ, ಕೂತಲ್ಲಿಂದ ಕದಲದೆ.

"ನಿನ್ನ. ನನ್ನ ತಂಗೀನ. ಬಾ ನನ್ನವ್ವಾ, ಕೈ ಮುಗೀತೇನಿ."

ಅವಳು ಎದ್ದು ಬರುವಷ್ಟರಲ್ಲಿ ಗಾಡಿ ಹೋಗಿ ಸಾಬೂನಿನ ಜಾಹೀರಾತು ಬಂದಿತ್ತು.

"ಈಗ ಯಾರ ಉಡಿ ತುಂಬೂದು?" ಎಂದರು ಉಳಿದವರು.

ಅವ್ವ ಮೊರ ಎತ್ತಿಕೊಂಡು ಚಿಕ್ಕವ್ವನ ಮುಂದೆ ನಿಂತಳು. "ಸೆರಗ ಒಡ್ಡು."

ಚಿಕ್ಕವ್ವ ಒಡ್ಡಿದಳು. ಅವ್ವ ಅಕ್ಕಿ ಸುರಿದು, ಮೇಲೆ ಕೊಬ್ಬರಿ, ಖಣ ಇಟ್ಟಳು. ಚಿಕ್ಕವ್ವ ಬಿಕ್ಕಿ ಬಿಕ್ಕಿ ಅಳುತ್ತಲೇ ಉಡಿಯೊಳಗೆ ಇಣುಕಿ, "ಕೊಬ್ಬರಿ ಸಣ್ಣದಾತು" ಎಂದು ಅಕ್ಕನನ್ನು ಬೈದಳು.