ಕಂಡಕ್ಟರ್ ಅಂದಾನೆಪ್ಪನ ಸವಾರ

ಬೈಲಹೊಂಗಲದಿಂದ ಸವದತ್ತಿ ಹಾಯ್ದು ರಾಮದುರ್ಗಕ್ಕೆ ಹೋಗುವ ಬಸ್ಸಿನಲ್ಲಿ ಕಂಡಕ್ಟರ್ ಅಂದಾನೆಪ್ಪನ ಕೈಗೆ ಸಿಕ್ಕ ಮುದುಕರಿಗೆ ಟಿಕೇಟು ಬೇಗ ಸಿಗುತ್ತಿತ್ತು, ಬಿಡುಗಡೆ ಸಿಗುತ್ತಿರಲಿಲ್ಲ. "ನಿಮ್ಮ ಮುತ್ಯಾನ ಕಾಲದಾಗ ಕುದರಿಗೆ ಏನ ಹಾಕತಿದ್ರಿ? ವಾಡೇದ ಬಾಗಲಾ ಯಾವ ದಿಕ್ಕಿಗಿತ್ತು?" ಎಂದು ಕೇಳಿ, ಉತ್ತರವನ್ನು ರದ್ದಿ ಕಾಗದದ ಹಿಂಬದಿಗೆ ಗೀಚಿಕೊಳ್ಳುತ್ತಿದ್ದ. ಕುಣಿಯುವ ಬಸ್ಸಿನಲ್ಲಿ ಬರೆದದ್ದನ್ನು ಮನೆಗೆ ಬಂದು ತಾನೇ ಓದಲಾಗದೆ ಒದ್ದಾಡುತ್ತಿದ್ದ. ಕಲಿತದ್ದು ಎಸ್ಸೆಸ್ಸೆಲ್ಸಿ. ಆದರೆ ತನ್ನ ನೆಲದ ಇತಿಹಾಸವನ್ನು ಕಾದಂಬರಿ ಮಾಡದೆ ಬಿಡಲಾರೆ ಎಂಬ ಹಟ.

ಆರು ವರ್ಷ ತಿಣುಕಿ ೧೯೯೫ರಲ್ಲಿ ಮೊದಲನೆಯದನ್ನು ಮುಗಿಸಿದ. ಕಿತ್ತೂರಿನ ಯುದ್ಧಕಾಲದ ಕಥೆ. ಮನೆಯಲ್ಲಿ ಅದಕ್ಕೊಂದು ಪರೀಕ್ಷೆಯಿತ್ತು. ಹೆಂಡತಿ ಗುರುಬಸವ್ವ ರೊಟ್ಟಿ ಬಡಿಯುವಾಗ ಒಲೆಯ ಪಕ್ಕ ಕುಳಿತು ಓದಬೇಕು. ಬಡಿಯುವ ಸದ್ದು ನಿಂತರೆ ಅಧ್ಯಾಯ ಪಾಸು. ಗುಪ್ತ ಪತ್ರ ಹೊತ್ತ ಸವಾರನೊಬ್ಬ ಕಟಕೋಳದ ಬಳಿ ರೈತ ಹೆಂಗಸಿನ ಮನೆಯಲ್ಲಿ ರೊಟ್ಟಿಗೆ ಶೇಂಗಾ ಹಿಂಡಿ ಎಂಬ ಚಟ್ನಿಪುಡಿ ಹಚ್ಚಿಕೊಂಡು ಉಂಡು ಮತ್ತೆ ಕುದುರೆ ಹತ್ತುವ ಅಧ್ಯಾಯಕ್ಕೆ ಸದ್ದು ನಿಂತದ್ದಷ್ಟೇ ಅಲ್ಲ, ಹಂಚಿನ ಮೇಲಿನ ರೊಟ್ಟಿಯೂ ಸೀದುಹೋಯಿತು. ಆ ಕರಕಲನ್ನು ಅಂದಾನೆಪ್ಪ ಹೆಮ್ಮೆಯಿಂದ ತಿಂದ.

ಅಚ್ಚಾದದ್ದು ಮುನ್ನೂರು ಪ್ರತಿ. ಕೊಂಡವರೆಲ್ಲ ಅವನ ಪ್ರಯಾಣಿಕರೇ. "ನಮ್ಮ ಕಂಡಕ್ಟರ್ ಬರದಾರ" ಎಂದು ಜನ ಓದಿದರು, ಓದಲು ಬಾರದವರು ಓದಿಸಿ ಕೇಳಿದರು.

ಆಗ ಬಂತು ಕಟಕೋಳದಿಂದ ಒಂದು ಪೋಸ್ಟ್ ಕಾರ್ಡು. ಬರೆದವಳು ಸಪ್ನಾ ಎಂಬ ಹೈಸ್ಕೂಲು ಹುಡುಗಿ, ಬರೆಸಿದವಳು ಅವಳ ಅಜ್ಜಿ ಕೃಷ್ಣವ್ವ. ಆ ಕಾಲಕ್ಕೆ ಈ ಕಡೆ ಶೇಂಗಾ ಬೆಳೆ ಇನ್ನೂ ಬಂದಿರಲಿಲ್ಲವಂತೆ. ಹಿಂದಿನವರು ರೊಟ್ಟಿಗೆ ಗುರೆಳ್ಳು, ಅಂದರೆ ಹುಚ್ಚೆಳ್ಳಿನ ಹಿಂಡಿ ಹಚ್ಚಿಕೊಳ್ಳುತ್ತಿದ್ದರೆಂದು ಅಜ್ಜಿಗೆ ಅವಳ ಅಜ್ಜಿ ಹೇಳಿದ್ದಳಂತೆ. ಕೊನೆಗೆ, "ಅಜ್ಜಿ ಇನ್ನೂ ಒಂದು ಮಾತು ಕೇಳಬೇಕಂತೆ" ಎಂಬಲ್ಲಿಗೆ ಕಾರ್ಡು ತುಂಬಿತ್ತು. ಆ ಕೊನೆಯ ಸಾಲು ಅಂದಾನೆಪ್ಪನ ತಲೆಗೇ ಹೋಗಲಿಲ್ಲ. ಶೇಂಗಾದಲ್ಲೇ ಅವನ ಜೀವ ಹೋಗಿತ್ತು.

ತಿಳಿದವರನ್ನು ವಿಚಾರಿಸಿದ. ಅಜ್ಜಿಯ ಮಾತೇ ಸರಿ ಎಂದರು.

"ಶೇಂಗಾ ಇಲ್ಲದ ರೊಟ್ಟಿ ಹೆಂಗ ತಿಂತಿದ್ರು ಅನ್ನೂದು ನನ್ನ ತಲ್ಯಾಗೂ ಬರಲಿಲ್ಲ ನೋಡ್ರಿ" ಎಂದು ಗುರುಬಸವ್ವ ನಕ್ಕಳು.

"ನಗಬ್ಯಾಡ. ಇದೊಂದು ಸುಳ್ಳಾದ್ರ ನಾ ಬರದದ್ದೆಲ್ಲಾ ಸುಳ್ಳು ಅಂತಾರ. ಆಮ್ಯಾಲೆ ಯಾವ ಮುದುಕ ನನಗ ಬಾಯಿ ಬಿಡ್ತಾನ?"

ನಿಜವಾಗಿಯೂ ಹೆದರಿದ್ದ. ಇನ್ನೊಂದು ಕಾದಂಬರಿ ಬರೆಯುವ ಯೋಗ್ಯತೆಯೇ ತನಗಿಲ್ಲ ಎನ್ನಿಸಿತ್ತು. ಮುನ್ನೂರನ್ನೂ ಕೈಯಾರೆ ತಿದ್ದುವವರೆಗೆ ಹೊಸದಾಗಿ ಒಂದಕ್ಷರ ಬರೆಯುವುದಿಲ್ಲ ಎಂದು ಆಣೆ ಮಾಡಿಕೊಂಡ. ಯಾರು ಯಾವ ಸ್ಟಾಪಿನಲ್ಲಿ ಇಳಿಯುತ್ತಾರೆಂಬುದು ಬಾಯಿಪಾಠವಿತ್ತಲ್ಲ, ವಾರದ ರಜೆ ಬಂತೆಂದರೆ ಪೆನ್ನು ಕಿಸೆಗಿಟ್ಟು ಹೊರಟ. ಬೈಲಹೊಂಗಲದಲ್ಲಿ, ಸಿರಸಂಗಿಯಲ್ಲಿ, ಸವದತ್ತಿಯ ಓಣಿಗಳಲ್ಲಿ ಬಾಗಿಲು ತಟ್ಟಿದ. ಹೋದಲ್ಲೆಲ್ಲ ಊಟಕ್ಕೆ ಕೂಡಿಸಿ ಶೇಂಗಾ ಹಿಂಡಿಯನ್ನೇ ಬಡಿಸಿದರು. ಅದನ್ನು ಚಪ್ಪರಿಸಿ ತಿಂದು, ಕೈ ತೊಳೆದು, ಪುಸ್ತಕದಲ್ಲಿ ಅದರ ಹೆಸರು ಹೊಡೆದುಹಾಕಿ ಬರುತ್ತಿದ್ದ.

ಎರಡು ವರ್ಷ ಹಿಡಿಯಿತು. ಕೃಷ್ಣವ್ವನ ಪ್ರತಿಯನ್ನು ಬೇಕೆಂದೇ ಕೊನೆಗಿಟ್ಟುಕೊಂಡಿದ್ದ. ಮುಖ ತೋರಿಸಲು ನಾಚಿಕೆ. ಅಂತೂ ಹೋದ. ಅಜ್ಜಿ ಕಟ್ಟೆಯ ಮೇಲೆ ಕುಳಿತು ಕಾಳು ಹಸನು ಮಾಡುತ್ತಿದ್ದಳು. ಸಪ್ನಾ ಪುಸ್ತಕ ತಂದುಕೊಟ್ಟಳು. ಅಂದಾನೆಪ್ಪ ಪುಟ ತೆಗೆದು, ಶೇಂಗಾ ಹೊಡೆದು ಗುರೆಳ್ಳು ಎಂದು ಬರೆದು, ಉಸಿರು ಬಿಟ್ಟ.

"ತಪ್ಪಾಗಿತ್ತು ಆಯಿ. ತಿದ್ದೇನಿ."

"ಹಿಂಡೀದು ಸಣ್ಣ ತಪ್ಪು, ತಮ್ಮಾ. ಖರೇ ಕೇಳೂದು ಬ್ಯಾರೇನ ಇತ್ತು, ಈ ಹುಡುಗಿ ಕಾರ್ಡಿನ್ಯಾಗ ಹಿಡೀಲಿಲ್ಲ" ಎಂದಳು ಕೃಷ್ಣವ್ವ. "ಉಂಡು ಕುದರಿ ಹತ್ತಿದನಲ್ಲ ಆ ಹುಡುಗ, ತಿರಗಿ ಮನಿ ಮುಟ್ಟಿದನೋ ಇಲ್ಲೋ?"

ಅಂದಾನೆಪ್ಪ ಪುಟ ತಿರುವಿದ. ಯುದ್ಧವಿತ್ತು, ಕೋಟೆಯಿತ್ತು, ದೊಡ್ಡವರ ಅಳುವೂ ಸಾವೂ ಇದ್ದವು. ಸವಾರನಿರಲಿಲ್ಲ. ಪತ್ರ ಮುಟ್ಟಿತೆಂದು ಬರೆದಿದ್ದ, ಒಯ್ದವನನ್ನು ಮರೆತೇಬಿಟ್ಟಿದ್ದ. ಮುನ್ನೂರು ಮನೆ ತಿರುಗಿದರೂ ಅದು ಹೊಳೆದಿರಲಿಲ್ಲ.

"ಗೊತ್ತಿಲ್ಲ, ಆಯಿ" ಎಂದ ಮೆಲ್ಲಗೆ.

"ನಿನಗ ಗೊತ್ತಿರದಿದ್ರ ಮತ್ಯಾರಿಗೆ? ಉಣ್ಣಾಕ ನೀಡಿದಾಕಿ ದಾರಿ ನೋಡತಿರತಾಳಪ್ಪ. ಹುಡಿಕ್ಯಾಡಿ ಹೇಳು."

ಬೈಲಹೊಂಗಲಕ್ಕೆ ಮರಳುವ ಬಸ್ಸಿನಲ್ಲೇ ರದ್ದಿ ಕಾಗದ ತೆಗೆದ. ನಿವೃತ್ತಿಯ ಹೊತ್ತಿಗೆ ಅಂದಾನೆಪ್ಪನವು ಐದು ಕಾದಂಬರಿ ಬಂದವು. ಅವುಗಳಲ್ಲಿ ಎರಡನೆಯದು, ಇಡಿಯಾಗಿ ಆ ಸವಾರನದೇ ಕಥೆ, ೨೦೦೧ರಲ್ಲಿ ಅಚ್ಚಾಯಿತು. ಮೊದಲ ಪ್ರತಿ ಹಿಡಿದು ನೇರ ಕಟಕೋಳದಲ್ಲಿ ಇಳಿದ. ಕೃಷ್ಣವ್ವನಿಗೆ ಕಣ್ಣು ಮಂಜಾಗಿತ್ತು, ದನಿಯಿಂದಲೇ ಗುರುತು ಹಿಡಿದಳು.

"ಮನಿ ಮುಟ್ಟಿದನೇನೋ?"

"ಮುಟ್ಟಿದ ಆಯಿ. ತಡಾ ಆತು."

"ಏನ ಉಂಡ?"

"ರೊಟ್ಟಿ, ಗುರೆಳ್ಳು ಹಿಂಡಿ."

ಅಜ್ಜಿ ಗೋಡೆಗೆ ಒರಗಿ, ಕಾಲು ನೀಡಿ ಕುಳಿತಳು. "ಹಂಗಾರ ಇನ್ನ ಓದ" ಎಂದು ಮೊಮ್ಮಗಳಿಗೆ ಹೇಳಿದಳು.