ಪರದೇಶದ ನೀರು ಮತ್ತು ಹವಾಲ್ದಾರರ ಪೆನ್ನು

ಹಡಗಿನ ನೌಕರಿಗೆ ಮರಳುವ ಮೊದಲು ಪಾಸ್‌ಪೋರ್ಟ್ ನವೀಕರಿಸಬೇಕಿತ್ತು. ವಿಚಾರಣೆಗೆ ಹವಾಲ್ದಾರರು ಜಕ್ಕಲಿಯ ನಮ್ಮ ಮನೆಗೇ ಬಂದರು.

“ನಿಮ್ಮ ಹಡಗ ಬ್ಯಾರೆ ದೇಶದ ಸಮುದ್ರದಾಗ ಹೊಂಟ್ರ ಅವರನ್ನ ಕೇಳ್ತೀರೇನು?”

“ಇಲ್ರಿ. ನಿಲ್ಲದ, ಮೀನ ಹಿಡೀದ, ಯಾರ ತಂಟೆಗೂ ಹೋಗದ ಸುಮ್ಮನ ದಾಟಿದ್ರ ಕಾಯ್ದೆ ಒಪ್ಪತೈತ್ರಿ.”

ಅವರು ಬರೆದುಕೊಂಡಿದ್ದನ್ನು ಬಗ್ಗಿ ನೋಡಿದೆ. ‘ಪರವಾನಗಿ ಇಲ್ಲದೆ ಪರದೇಶ ಪ್ರವೇಶ. ತಾನೇ ಒಪ್ಪಿಕೊಂಡಿದ್ದಾನೆ.’

“ಸಾಹೇಬ್ರ, ಅದು ಗುನ್ನೆ ಅಲ್ರಿ, ಹಡಗಿನ ಹಕ್ಕು!” ಎಂದು ಕೈಮುಗಿದೆ. ಪೆನ್ನು ನಿಲ್ಲಲಿಲ್ಲ.

ಅವ್ವ ಚಹಾ ತಂದಿಟ್ಟಳು. “ಬಾಗಲಾ ಬಡೀದ ನೀವೂ ಪಡಸಾಲಿ ತನಕಾ ಬಂದ್ರಿ. ನಾವೇನರ ಬರಕೊಂಡೀವೇನ್ರಿ?”

ಹವಾಲ್ದಾರರು ನಕ್ಕು ಆ ಸಾಲು ಹೊಡೆದುಹಾಕಿ, ನನ್ನ ಹೆಸರಿನ ಮುಂದೆ ‘ನಿರುಪದ್ರವಿ’ ಎಂದು ಬರೆದರು. ಸರಕಾರ ಅದನ್ನು ಒಪ್ಪಿ ಪಾಸ್‌ಪೋರ್ಟ್ ಕೊಟ್ಟಿತು. ಅವ್ವ ಮಾತ್ರ ಇನ್ನೂ ಒಪ್ಪಿಲ್ಲ.