ಮೆಟ್ಟಿಲಿನಿಂದ ಬಿದ್ದ ಇಟಲಿಯ ನಟಿ

ರಿಯಾದ್‌ನ ಹೊರಗೆ ಒಂದು ಹಳೆಯ ಮಣ್ಣಿನ ಮನೆಯಲ್ಲಿ ಇಟಲಿಯವರು ದೆವ್ವದ ಸಿನಿಮಾ ತೆಗೆಯುತ್ತಿದ್ದಾರೆ, ಬಟ್ಟೆ ಹೊಲಿಯಲು ಹೆಂಗಸೊಬ್ಬಳು ಬೇಕಂತೆ ಎಂಬ ಸುದ್ದಿ ತಂದವರು ನನ್ನ ಗಂಡ. ಇಂಡಿಯನ್ ಶಾಲೆಯ ಮಕ್ಕಳ ಡ್ಯಾನ್ಸಿಗೆ ಹೊಲಿದು ಕೊಟ್ಟಿದ್ದಷ್ಟೇ ನನ್ನ ಅನುಭವ.

"ಹೋಗಿ ನೋಡು ಮಾರಾಯ್ತಿ. ಬೇಡ ಅಂದ್ರೆ ವಾಪಸ್ ಬಂದ್ರಾಯ್ತು," ಅಂದರು.

ಅಜ್ಜಿಯ ಪಾತ್ರದ ನಟಿಯ ಉಡುಪು ನನ್ನ ಪಾಲಿಗೆ ಬಂತು. ಎಪ್ಪತ್ತು ದಾಟಿದ್ದರೂ ಅವರ ಬೆನ್ನು ನೆಟ್ಟಗಿತ್ತು. ಅಳತೆ ತೆಗೆಯುವಾಗ ಅರೆಬರೆ ಇಂಗ್ಲಿಷಿನಲ್ಲಿ ತಮ್ಮ ಕತೆ ಹೇಳಿದರು. ಮೊದಲು ಕುದುರೆ, ಪಿಸ್ತೂಲಿನ ಸಿನಿಮಾಗಳಲ್ಲಿ ಹೆಂಡದಂಗಡಿಯ ಹುಡುಗಿ. ಆಮೇಲೆ ಕೊಲೆ ಸಿನಿಮಾಗಳ ಕಾಲ. ಕೊಲೆಗಾರನ ಕೈಗೆ ಮೊದಲು ಸಿಗುತ್ತಿದ್ದದ್ದು ಇವರೇ. ನಂತರ ಹೆಣಗಳು ಎದ್ದು ಓಡಾಡುವ ಸಿನಿಮಾಗಳು. ಕೆಲಸವಿಲ್ಲದ ವರ್ಷಗಳಲ್ಲಿ ಬೇರೆ ನಟಿಯರಿಗೆ ಧ್ವನಿ ಕೊಟ್ಟರಂತೆ. ನಾಯಕಿ ಮಾತ್ರ ಒಮ್ಮೆಯೂ ಆಗಲಿಲ್ಲ.

"ಬೇಸರ ಆಗ್ಲಿಲ್ವಾ ಮೇಡಂ?"

"ಯಾಕೆ? ನಾಯಕಿ ಕೊನೆವರೆಗೆ ಬರೀ ಓಡ್ತಾಳೆ. ಸಾಯುವವಳಿಗೇ ನಿಜವಾದ ನಟನೆ ಸಿಗೋದು."

ಈ ಸಿನಿಮಾದಲ್ಲಿ ಅವರು ಮೆಟ್ಟಿಲಿನಿಂದ ಉರುಳಿ ಸಾಯಬೇಕಿತ್ತು. ನಿರ್ದೇಶಕ ಬೇರೆ ಹುಡುಗಿಯನ್ನು ಬೀಳಿಸೋಣ ಎಂದಾಗ ಇವರು ಕೇಳಲೇ ಇಲ್ಲ. ಹಾಗಾಗಿ ನಾನು ಒಳವಸ್ತ್ರದ ಸೊಂಟ, ಮೊಣಕೈ, ಮಂಡಿಗಳಿಗೆ ಸ್ಪಂಜು ಕೂರಿಸಿ ಹೊಲಿದೆ.

ಶೂಟಿಂಗಿನ ದಿನ, ಹೆಣ ನೋಡಿ ಕಿರುಚಬೇಕಿದ್ದ ನೆರೆಮನೆಯಾಕೆಯ ಪಾತ್ರದವಳಿಗೆ ಜ್ವರ. ನಿರ್ದೇಶಕ ಸುತ್ತ ನೋಡಿದ. ಅಲ್ಲಿನ ಹೆಂಗಸರಂತೆ ಕಪ್ಪು ನಿಲುವಂಗಿ, ಅಬಾಯಾ ತೊಟ್ಟು ನಿಂತಿದ್ದ ನನ್ನ ಮೇಲೆ ಅವನ ಕಣ್ಣು ಬಿತ್ತು. ಕಿರುಚುವ ಕೆಲಸ ನನ್ನ ಪಾಲಿಗೇ ಬಂತು.

ನಟಿ ಮೆಟ್ಟಿಲಿನಿಂದ ಬಿದ್ದರು. ನಾನು ಓಡಿಹೋಗಿ ಬಾಯಿ ತೆರೆದರೆ ಬಂದದ್ದು ಇಲಿಯ ಸ್ವರ. ಕಟ್ ಆಯಿತು. ಹೆಣವಾಗಿ ಬಿದ್ದಲ್ಲಿಂದಲೇ ಕಣ್ಣು ತೆರೆಯದೆ ಅವರು ಪಿಸುಗುಟ್ಟಿದರು: "ಗಂಟಲಿನಿಂದ ಅಲ್ಲ, ಹೊಟ್ಟೆಯಿಂದ ಕೂಗು."

ಎರಡನೇ ಸಲ ಅವರು ಇನ್ನೂ ಜೋರಾಗಿ ಉರುಳಿದರು. ಕಾಲು ಮೈಯಡಿಗೆ ಮಡಚಿಕೊಂಡಿತ್ತು. ನಿಜಕ್ಕೂ ಪೆಟ್ಟಾಯಿತೆಂದೇ ನಂಬಿ ನಾನು "ಅಮ್ಮಾ" ಎಂದು ಚೀರಿದೆ. ಮಾಳಿಗೆಯ ಮೇಲಿದ್ದ ಪಾರಿವಾಳಗಳೆಲ್ಲ ಹಾರಿಹೋದವು. ಚಪ್ಪಾಳೆ ಬಿದ್ದಾಗ ಅವರು ಕಣ್ಣು ಬಿಟ್ಟು, ನನ್ನ ಕೈ ಹಿಡಿದು ನಕ್ಕರು.

"ಏನಂತ ಕೂಗಿದೆ?"

"ಅಮ್ಮ ಅಂತ."

"ನಮ್ಮಲ್ಲಿ ಮಮ್ಮಾ. ಇದು ನಿನ್ನ ಭಾಷೆ ಅಂತ ಯಾರಿಗೂ ಗೊತ್ತಾಗುವುದಿಲ್ಲ, ಹಾಗೇ ಇರಲಿ."

ಹಾಗೇ ಉಳಿಯಿತು. ಸಿನಿಮಾ ರಿಯಾದ್‌ನ ಒಲಾಯಾ ಬಡಾವಣೆಯ ಥಿಯೇಟರಿಗೆ ಬಂದಾಗ ಗಂಡನ ಪಕ್ಕ ಕುಳಿತು, ನನ್ನ ದೃಶ್ಯಕ್ಕೆ ಕಾದೆ. ನನ್ನ ಚೀರಾಟಕ್ಕೆ ಮುಂದಿನ ಸಾಲಿನವನ ಪಾಪ್‌ಕಾರ್ನ್ ನೆಲಕ್ಕೆ ಚೆಲ್ಲಿತು.

"ಇದು ನಿನ್ನ ಸ್ವರವಾ? ಮನೆಯಲ್ಲಿ ಜಿರಲೆ ಕಂಡ್ರೂ ಇಷ್ಟು ಕೂಗುದಿಲ್ಲ ನೀನು," ಅಂದರು ಗಂಡ.

ಮರುದಿನ ಇಟಲಿಯಲ್ಲಿದ್ದ ಆ ನಟಿಗೆ ಫೋನ್ ಮಾಡಿ ಪಾಪ್‌ಕಾರ್ನಿನ ಕತೆ ಹೇಳಿದೆ. ಅವರು ಮನಸಾರೆ ನಕ್ಕು, ಮುಂದಿನ ಸಿನಿಮಾದಲ್ಲಿ ತಾನು ಬಾವಿಗೆ ಬೀಳುವವಳಿದ್ದೇನೆ ಎಂದರು. ನೀರಿಗಿಳಿದರೂ ಭಾರವಾಗದ ಉಡುಪು ಹೊಲಿಯುವುದು ಹೇಗೆಂದು ಇಬ್ಬರೂ ಬಹಳ ಹೊತ್ತು ಮಾತಾಡಿದೆವು.